ನಿಮಗಿದು ಗೊತ್ತೇ? ಚಿತ್ರ ತಿದ್ದುವ ತಂತ್ರಾಂಶವನ್ನು ನೀವೇ ಕಟ್ಟಬಹುದು

ಆರ್ಕಿಮಿಡೀಸನ ಅಳಿಸಿಹೋದ ಬರಹವನ್ನು ಮತ್ತೆ ಕಾಣಿಸಿಕೊಟ್ಟ ತಂಡದವರೇ ಉಡುಪಿಯ ಓಲೆಗರಿಯನ್ನೂ ಓದಿಸಿಕೊಟ್ಟರು, ಗೊತ್ತೇ? ಅಮೆರಿಕದ ರಾಚೆಸ್ಟರ್ ಇನ್‌ಸ್ಟಿಟ್ಯೂಟ್ ಆಫ್ ಟೆಕ್ನಾಲಜಿಯ ಪ್ರಾಧ್ಯಾಪಕ ಪಿ.ಆರ್. ಮುಕುಂದ್ ಅವರು ಆ ತಂಡದ ರೋಜರ್ ಈಸ್ಟನ್ ಜೊತೆಗೂಡಿ, 2006ರ ಹೊತ್ತಿಗೆ ಮಧ್ವಾಚಾರ್ಯರ ಸರ್ವಮೂಲ ಗ್ರಂಥಗಳ ಹಳೆಯ ಓಲೆಗರಿ ಕಟ್ಟನ್ನು ಡಿಜಿಟಲ್ ರೂಪಕ್ಕೆ ತಂದರು. ಒಂದೊಂದು ಗರಿ 26 ಇಂಚು ಉದ್ದ, 2 ಇಂಚು ಅಗಲ. ಅಂಥವು ಸುಮಾರು 340. ಕೆಡದಿರಲೆಂದು ಹಿಂದೆ ಯಾರೋ ಬಳಿದ ಎಣ್ಣೆಯೇ ಗರಿಗಳನ್ನು ಕಡುಕಂದಾಗಿಸಿ ಅಕ್ಷರಗಳನ್ನು ನುಂಗಿತ್ತು. ಕಣ್ಣಿಗೆ ಕಾಣದ ಅವಕೆಂಪು ಬೆಳಕಿನಲ್ಲಿ ತೆಗೆದಾಗ ಮಾತ್ರ ಗರಿ ತಿಳಿಯಾಗಿ, ಮಸಿ ಕಪ್ಪಾಗಿ ಎದ್ದುಬಂತು. ಇಷ್ಟು ಉದ್ದದ ಗರಿ ಒಂದೇ ಫೋಟೋದಲ್ಲಿ ಹಿಡಿಸದು. ಒಂದೊಂದು ಮಗ್ಗುಲನ್ನು 8ರಿಂದ 10 ತುಂಡಾಗಿ ತೆಗೆದು, ಸಾವಿರಾರು ಚಿತ್ರಗಳನ್ನು ಕಂಪ್ಯೂಟರಿನಲ್ಲಿ ಬೆಸೆದರು.

ಅವರು ಬಳಸಿದ್ದು ಫೋಟೋಶಾಪ್ ಮತ್ತು ತಂಡದವರೇ ಬರೆದುಕೊಂಡ ತಂತ್ರಾಂಶ. ಇಂದು ಅದೇ ಬೆಸುಗೆಯನ್ನು ಹ್ಯೂಜಿನ್ ಎಂಬ ಮುಕ್ತ ತಂತ್ರಾಂಶ ಬಿಡಿಗಾಸಿಲ್ಲದೆ ಮಾಡಿಕೊಡುತ್ತದೆ. ಅದರ ಸೋರ್ಸ್ ಕೋಡ್ ಬಹಿರಂಗ. ಯಾರು ಬೇಕಾದರೂ ಇಳಿಸಿಕೊಂಡು, ಕಂಪೈಲ್ ಮಾಡಿ, ಬೇಕಾದಂತೆ ತಿದ್ದಿಕೊಳ್ಳಬಹುದು. ನಮ್ಮ ಓಲೆಗರಿಗಳ ಮಟ್ಟಿಗೆ ಇದು ದೊಡ್ಡ ಮಾತು ಎಂದೇ ನಾನು ನಂಬಿದ್ದೇನೆ. 700 ವರ್ಷ ಬಾಳಿದ ಗರಿಯ ಚಿತ್ರವನ್ನು ಒಳಗೇನಿದೆ ಎಂದು ನೋಡಲಾಗದ, ಕಂಪನಿ ಮುಚ್ಚಿದರೆ ತೆರೆಯಲೂ ಆಗದ ತಂತ್ರಾಂಶಕ್ಕೆ ಒಪ್ಪಿಸುವುದು ಸರಿಯಲ್ಲ.

ಹ್ಯೂಜಿನ್‌ನ ಬೇರು ಜರ್ಮನಿಯ ಪ್ರಾಧ್ಯಾಪಕ ಹೆಲ್ಮುಟ್ ಡೆರ್ಶ್ 1998ರಲ್ಲಿ ಹೊರತಂದ ಪನೋರಮಾ ಟೂಲ್ಸ್‌ನಲ್ಲಿದೆ. ಒಳಗಿನ ಲೆಕ್ಕಾಚಾರಕ್ಕೆ ಹ್ಯೂಜಿನ್ ಇಂದಿಗೂ ಅದರ ವಂಶದ ಲೈಬ್ರರಿಯನ್ನೇ ನೆಚ್ಚಿಕೊಂಡಿದೆ.

ಸೋರ್ಸ್ ಕೋಡ್‌ನಿಂದ ನೀವೇ ಕಟ್ಟಿದ ಹ್ಯೂಜಿನ್‌ಗೆ ಒಳ್ಳೆಯ ಪರೀಕ್ಷೆ ಕಾರ್ಕಳದಲ್ಲೇ ಇದೆ! 1586ರ ಚತುರ್ಮುಖ ಬಸದಿಗೆ ನಾಲ್ಕು ದಿಕ್ಕಿಗೂ ಒಂದೇ ಬಗೆಯ ಮುಖ, ಸಾಲುಸಾಲು ಕಂಬ. ಎರಡು ಫೋಟೋಗಳಲ್ಲಿ ಒಂದೇ ಜಾಗ ಯಾವುದೆಂದು ಹ್ಯೂಜಿನ್ ತಾನೇ ಹುಡುಕಿ ಗುರುತು ಹಾಕುತ್ತದೆ. ಕಂಬಗಳೆಲ್ಲ ಒಂದರಂತೆ ಒಂದಿದ್ದರೆ ಅದು ಮೂರನೆಯದನ್ನು ನಾಲ್ಕನೆಯದೆಂದು ಭ್ರಮಿಸಿ ಚಿತ್ರವನ್ನು ತಪ್ಪಾಗಿ ಜೋಡಿಸೀತು. ಆ ತಪ್ಪು ಗುರುತುಗಳನ್ನು ಕೈಯಿಂದ ಅಳಿಸಿ, ಸರಿಯಾದವನ್ನು ಇಟ್ಟು ನೋಡಿ. ಚಿತ್ರ ಹೇಗೆ ಜೋಡಣೆಯಾಗುತ್ತದೆ ಎಂಬುದು ಯಾವ ಪಠ್ಯಪುಸ್ತಕಕ್ಕಿಂತಲೂ ಚೆನ್ನಾಗಿ ತಿಳಿಯುತ್ತದೆ.

ಕಾಪುವಿನ ಕಡಲತೀರದಲ್ಲಿ ತೊಂದರೆಯೇ ಬೇರೆ. ಒಂದು ಫೋಟೋದ ತೆರೆ ಮುಂದಿನ ಫೋಟೋ ತೆಗೆಯುವಷ್ಟರಲ್ಲಿ ಜಾಗ ಬಿಟ್ಟಿರುತ್ತದೆ. ಮೋಡಗಳ ಮೇಲೆ ಬಿದ್ದ ಗುರುತುಗಳನ್ನು ಹೆಕ್ಕಿ ಅಳಿಸಲು ಹ್ಯೂಜಿನ್‌ನಲ್ಲಿ ಸೆಲೆಸ್ಟ್ ಎಂಬ ಉಪಕರಣವಿದೆ. ತೆರೆಗಳ ಮೇಲಿನ ಗುರುತುಗಳನ್ನು ಮಾತ್ರ ನೀವೇ ತೆಗೆಯಬೇಕು. 1901ರ ಲೈಟ್‌ಹೌಸ್ ಇಲ್ಲಿ ನೆರವಿಗೆ ಬರುತ್ತದೆ: ಅದರ ನಿಲುವನ್ನು ಲಂಬರೇಖೆ, ಕಡಲಂಚನ್ನು ಅಡ್ಡರೇಖೆ ಎಂದು ಗುರುತಿಸಿಕೊಟ್ಟರೆ ವಾಲಿದ ಚಿತ್ರ ನೆಟ್ಟಗಾಗುತ್ತದೆ.

ಕಾರ್ಕಳದ ಗೊಮ್ಮಟನ ಫೋಟೋದಲ್ಲಿ ಆಕಾಶ ಸರಿಬಂದರೆ ಮುಖ ಕಪ್ಪು, ಮುಖ ಸರಿಬಂದರೆ ಆಕಾಶ ಬಿಳಿಚು. 1432ರ, 42 ಅಡಿಯ ಈ ಕರಿಕಲ್ಲ ಮೂರ್ತಿಯನ್ನು ನಿಂತಲ್ಲಿಂದಲೇ ಬೇರೆಬೇರೆ ಬೆಳಕಿನ ಅಳತೆಯಲ್ಲಿ ಮೂರು ಸಲ ಕ್ಲಿಕ್ಕಿಸಿ ಎನ್‌ಫ್ಯೂಸ್‌ಗೆ ಕೊಡಿ. ಪ್ರತಿ ಚಿತ್ರದ ಒಳ್ಳೆಯ ಭಾಗವನ್ನಷ್ಟೇ ಅದು ಆರಿಸಿ ಬೆರೆಸುತ್ತದೆ. ಇದು ಕೂಡ ಮುಕ್ತ ತಂತ್ರಾಂಶವೇ.

ಸೋರ್ಸ್ ಕೋಡ್‌ನಿಂದ ಕಟ್ಟುವಾಗ ಲೈಬ್ರರಿ ಇದ್ದರಷ್ಟೇ ಸಾಲದು, ಗೊತ್ತೇ? ಉಬುಂಟು, ಡೆಬಿಯನ್‌ಗಳಲ್ಲಿ ಕಂಪೈಲ್ ಮಾಡಲು ಬೇಕಾದ ಹೆಡರ್ ಕಡತಗಳು ಹೆಸರಿನ ಕೊನೆಗೆ ‘ಡೆವ್’ ಎಂದಿರುವ ಬೇರೆ ಪ್ಯಾಕೇಜಿನಲ್ಲಿರುತ್ತವೆ. ಹೊಸಬರು ಎಡವುವುದು ಹೆಚ್ಚಾಗಿ ಇಲ್ಲೇ.

ಕಂಪೈಲ್ ಆಯಿತು ಎಂದ ಮಾತ್ರಕ್ಕೆ ಕೆಲಸ ಮಾಡುತ್ತದೆ ಎಂದಲ್ಲ. ಮುದ್ರಿತ ಕನ್ನಡ ಪುಟದ ಫೋಟೋವನ್ನು ಅಕ್ಷರಕ್ಕೆ ತಿರುಗಿಸುವ ಟೆಸರಾಕ್ಟ್ ಅನ್ನೇ ನೋಡಿ. ಅದಕ್ಕೆ ಮೊದಲು ಲೆಪ್ಟೋನಿಕಾ ಎಂಬ ಚಿತ್ರ ಲೈಬ್ರರಿಯನ್ನು ಕಟ್ಟಬೇಕು. ನಿಮ್ಮ ಲ್ಯಾಪ್‌ಟಾಪಿನಲ್ಲಿ ಪಿಎನ್‌ಜಿ ಹೆಡರ್ ಕಡತ ಇಲ್ಲದಿದ್ದರೆ ಲೆಪ್ಟೋನಿಕಾ ತಕರಾರು ಮಾಡುವುದಿಲ್ಲ. ಪಿಎನ್‌ಜಿಯನ್ನು ಸದ್ದಿಲ್ಲದೆ ಕೈಬಿಟ್ಟು ಮುಂದೆ ಹೋಗುತ್ತದೆ. ಟೆಸರಾಕ್ಟ್ ಕೂಡ ನಿರಾತಂಕವಾಗಿ ಸಿದ್ಧವಾಗುತ್ತದೆ. ಸ್ಕ್ಯಾನ್ ಮಾಡಿದ ಮೊದಲ ಪಿಎನ್‌ಜಿ ಪುಟ ಕೊಟ್ಟಾಗಲೇ ಅದು ಓದಲಾರೆ ಎನ್ನುವುದು. ಆದ್ದರಿಂದ ಕಟ್ಟಿ ಮುಗಿಸಿದೊಡನೆ ಆವೃತ್ತಿ ಕೇಳುವ ಆಜ್ಞೆ ಕೊಡಿ. ಯಾವ ಯಾವ ಚಿತ್ರ ಲೈಬ್ರರಿಗಳು ಒಳಸೇರಿವೆ ಎಂಬ ಪಟ್ಟಿ ಅಲ್ಲೇ ಬರುತ್ತದೆ.

ಟೆಸರಾಕ್ಟ್ ಹುಟ್ಟಿದ್ದು 1985ರಲ್ಲಿ, ಎಚ್‌ಪಿ ಕಂಪನಿಯಲ್ಲಿ. 2005ರಲ್ಲಿ ಮುಕ್ತವಾಯಿತು, ಮರುವರ್ಷದಿಂದ ಗೂಗಲ್ ಅದನ್ನು ಬೆಳೆಸಿತು. 2018ರ 4ನೇ ಆವೃತ್ತಿಯಲ್ಲಿ ನರಜಾಲ ಸೇರಿತು. ಕನ್ನಡಕ್ಕೆ ಅದರಲ್ಲಿ ಸಿದ್ಧ ಕಡತವಿದೆ. ತುಳುನಾಡಿನ ಓಲೆಗರಿಗಳ ತಿಗಳಾರಿ ಲಿಪಿಗೆ ಇಲ್ಲ. ಆ ಲಿಪಿ ಯುನಿಕೋಡ್ ಸೇರಿದ್ದೇ 2024ರ ಸೆಪ್ಟೆಂಬರಿನಲ್ಲಿ, 16ನೇ ಆವೃತ್ತಿಯಲ್ಲಿ. ಹೆಸರು ‘ತುಳು-ತಿಗಳಾರಿ’. ಕಟ್ಟಲು, ಕಲಿಸಲು, ಪರೀಕ್ಷಿಸಲು ಇಷ್ಟು ಹೊಸ ನೆಲ ಇನ್ನೆಲ್ಲಿ ಸಿಕ್ಕೀತು!

ಕಂಪೈಲ್ ಕೆಲಸದ ಮೇಸ್ತ್ರಿ ‘ಮೇಕ್’ ಹುಟ್ಟಿದ್ದು ಒಂದು ಹಾಳಾದ ಬೆಳಗಿನಿಂದ. 1976ರಲ್ಲಿ ಬೆಲ್ ಲ್ಯಾಬ್ಸ್‌ನ ಸ್ಟುವರ್ಟ್ ಫೆಲ್ಡ್‌ಮನ್ ಅವರ ಸಹೋದ್ಯೋಗಿಯೊಬ್ಬರು, ಆಗಲೇ ಸರಿಪಡಿಸಿದ್ದ ದೋಷವನ್ನು ಇಡೀ ಬೆಳಗ್ಗೆ ಹುಡುಕಿ ಸುಸ್ತಾಗಿದ್ದರು. ತಿದ್ದಿದ ಕಡತ ಮರುಕಂಪೈಲ್ ಆಗಿರಲೇ ಇಲ್ಲ. ಬದಲಾದುದನ್ನು ಮಾತ್ರ ಗುರುತಿಸಿ ಕಂಪೈಲ್ ಮಾಡುವ ಉಪಕರಣ ಅದರ ಬೆನ್ನಿಗೇ ಬಂತು.

ಚಿತ್ರ ತಿದ್ದುವ ಮುಕ್ತ ತಂತ್ರಾಂಶ ಗಿಂಪ್ ಮೊದಲಿಗೆ ಬರ್ಕ್ಲಿಯ ಇಬ್ಬರು ವಿದ್ಯಾರ್ಥಿಗಳ ಕೆಲಸ. ಸ್ಪೆನ್ಸರ್ ಕಿಂಬಲ್ ಮತ್ತು ಪೀಟರ್ ಮ್ಯಾಟಿಸ್ 1995ರಲ್ಲಿ ಅದನ್ನು ಆರಂಭಿಸಿದರು. ಅದರ 3.0 ಆವೃತ್ತಿ ಬಂದದ್ದು 2025ರ ಮಾರ್ಚಿನಲ್ಲಿ.

ಚಿತ್ರ ತಂತ್ರಾಂಶವನ್ನು ಪರೀಕ್ಷಿಸುವುದು ಹೇಗೆ? ಗೊತ್ತಿರುವ ಚಿತ್ರವೊಂದನ್ನು ಕೊಟ್ಟು, ಬಂದ ಫಲವನ್ನು ಮೊದಲೇ ಕಾದಿಟ್ಟ ಸರಿಯುತ್ತರದ ಜೊತೆ ಪಿಕ್ಸೆಲ್‌ಗೆ ಪಿಕ್ಸೆಲ್ ಹೋಲಿಸುವುದು. ಇಮೇಜ್‌ಮ್ಯಾಜಿಕ್ ಎಂಬ ಚಿತ್ರ ತಂತ್ರಾಂಶದ ‘ಕಂಪೇರ್’ ಆಜ್ಞೆ ಎಷ್ಟು ಪಿಕ್ಸೆಲ್ ಬೇರೆಯಾಗಿವೆ ಎಂದು ಎಣಿಸಿ ಹೇಳುತ್ತದೆ; ಸೊನ್ನೆ ಬಂದರೆ ಎರಡೂ ಒಂದೇ. ಆದರೆ ಜೆಪಿಇಜಿ ಚಿತ್ರದಲ್ಲಿ ಸೊನ್ನೆಗೆ ಹಟ ಹಿಡಿಯಬಾರದು. ಜೆಪಿಇಜಿಯನ್ನು ಬಿಡಿಸುವಾಗ ಭಿನ್ನರಾಶಿಗಳ ದಶಮಾಂಶವನ್ನು ಒಬ್ಬೊಬ್ಬರು ಒಂದೊಂದು ರೀತಿ ಕತ್ತರಿಸಲು ಮಾನಕವೇ ಅವಕಾಶ ಕೊಟ್ಟಿದೆ. ಹಾಗಾಗಿ ತುಸು ಸಡಿಲು ಬಿಟ್ಟೇ ಪರೀಕ್ಷೆ ಬರೆಯುತ್ತಾರೆ.

ದಶಕಗಳ ಕಾಲ ಈ ಕ್ಷೇತ್ರದ ಪರೀಕ್ಷಾ ಚಿತ್ರವಾಗಿ ಮೆರೆದ ‘ಲೆನಾ’, 1972ರ ಪ್ಲೇಬಾಯ್ ಪತ್ರಿಕೆಯಿಂದ ಕತ್ತರಿಸಿದ್ದು. 2024ರ ಏಪ್ರಿಲ್ 1ರಿಂದ ಐಇಇಇ ಕಂಪ್ಯೂಟರ್ ಸೊಸೈಟಿ ಆ ಚಿತ್ರವಿರುವ ಲೇಖನಗಳನ್ನು ತೆಗೆದುಕೊಳ್ಳುವುದನ್ನೇ ನಿಲ್ಲಿಸಿತು. ಒಳ್ಳೆಯದೇ ಆಯಿತು. ಪರೀಕ್ಷೆಗೆ ನಮ್ಮೂರಿನ ಕಂಬ, ಕಡಲು, ಓಲೆಗರಿ ಇವೆಯಲ್ಲ!

ಪರೀಕ್ಷಾ ಕಡತದೊಳಗೇ ಕಳ್ಳ ಅಡಗಿ ಕೂತಿದ್ದ ಕಥೆ ಗೊತ್ತೇ? 2024ರ ಮಾರ್ಚಿನಲ್ಲಿ, ಕಡತ ಕುಗ್ಗಿಸುವ ಎಕ್ಸ್‌ಝಡ್ ಎಂಬ ಮುಕ್ತ ತಂತ್ರಾಂಶದಲ್ಲಿ ಹಿಂಬಾಗಿಲೊಂದು ಪತ್ತೆಯಾಯಿತು. ದುಷ್ಟ ಕೋಡನ್ನು ‘ಪರೀಕ್ಷೆಗಾಗಿ ಬೇಕೆಂದೇ ಕೆಡಿಸಿದ ಕಡತ’ ಎಂಬ ವೇಷದಲ್ಲಿ ಬಚ್ಚಿಟ್ಟಿದ್ದರು. ಅದನ್ನು ಎಬ್ಬಿಸುವ ಕೊಂಡಿ ಮಾತ್ರ ಎಲ್ಲರೂ ನೋಡುವ ಗಿಟ್ ಭಂಡಾರದಲ್ಲಿರಲಿಲ್ಲ, ಬಿಡುಗಡೆಯ ಕಟ್ಟಿನಲ್ಲಿತ್ತು. ಕಂಪೈಲ್ ಮಾಡುವ ಗಳಿಗೆಯಲ್ಲೇ ಅದು ಒಳನುಸುಳುತ್ತಿತ್ತು. ಲಾಗಿನ್ ಸುಮಾರು ಅರ್ಧ ಸೆಕೆಂಡು ತಡವಾಗುತ್ತಿದೆಯಲ್ಲ ಎಂದು ಅನುಮಾನಿಸಿದ ಆಂಡ್ರೆಸ್ ಫ್ರ್ಯೂಂಡ್ ಎಂಬ ಎಂಜಿನಿಯರ್ ಬೆನ್ನುಬಿದ್ದು ಹಿಡಿದರು. ಕೋಡ್ ಬಹಿರಂಗವಾಗಿದ್ದರಿಂದಲೇ ಹಿಡಿಯಲು ಸಾಧ್ಯವಾಯಿತು.

ಫೋಟೋ ಕೂಡ ಆಯುಧವಾಗಬಹುದು. 2016ರ ಮೇ ತಿಂಗಳಲ್ಲಿ ಬಯಲಾದ ಇಮೇಜ್‌ಮ್ಯಾಜಿಕ್ ದೋಷದಲ್ಲಿ, ಕುತಂತ್ರದಿಂದ ರಚಿಸಿದ ಚಿತ್ರ ಕಡತವನ್ನು ತೆರೆದರೆ ಸಾಕು, ಸರ್ವರ್ ದಾಳಿಕೋರನ ಆಜ್ಞೆ ಪಾಲಿಸುತ್ತಿತ್ತು.

ನಿನ್ನೆ ಸರಿಯಿದ್ದ ತಂತ್ರಾಂಶ ಇಂದು ಕೆಟ್ಟಿದೆ, ನಡುವೆ ಕೋಡ್‌ನಲ್ಲಿ ಸಾವಿರ ಬದಲಾವಣೆಗಳಾಗಿವೆ. ಕೆಡಿಸಿದ್ದು ಯಾವುದು? ‘ಗಿಟ್ ಬೈಸೆಕ್ಟ್’ ಎಂಬ ಆಜ್ಞೆ ಪ್ರತಿ ಸಲ ಸಾಲನ್ನು ಅರ್ಧಕ್ಕೆ ಸೀಳುತ್ತ ಸುಮಾರು 10 ಪರೀಕ್ಷೆಗಳಲ್ಲಿ ಅದರತ್ತ ಬೆರಳು ತೋರಿಸುತ್ತದೆ. ಪ್ರತಿ ಪರೀಕ್ಷೆಗೂ ಮರುಕಂಪೈಲ್ ಆಗಬೇಕು. ಸ್ವತಃ ಕಟ್ಟಲು ಬಲ್ಲವರಿಗೆ ಮಾತ್ರ ಒಲಿಯುವ ವಿದ್ಯೆ ಇದು.

1957ರ ಮಣಿಪಾಲದ ಎಂಐಟಿ, ಕಾರ್ಕಳ ತಾಲೂಕಿನ ನಿಟ್ಟೆಯಲ್ಲಿ 1986ರಲ್ಲಿ ಆರಂಭವಾದ ಎನ್‌ಎಂಎಎಂ ತಾಂತ್ರಿಕ ಕಾಲೇಜು: ಇವುಗಳ ಹಾಸ್ಟೆಲುಗಳಲ್ಲಿ ಇರುವ ಲ್ಯಾಪ್‌ಟಾಪುಗಳೇ ಈ ಕೆಲಸಕ್ಕೆ ಸಾಕು. ಕೋಡ್ ಬರೆಯಲು ಬಾರದವರೂ ಕೈಜೋಡಿಸಬಹುದು. ಹೊಸ ಆವೃತ್ತಿಯನ್ನು ನಿಮ್ಮ ಫೋಟೋಗಳ ಮೇಲೆ ಓಡಿಸಿ, ಎಡವಿದರೆ ಏನು ಮಾಡಿದಿರಿ, ಏನಾಗಬೇಕಿತ್ತು, ಏನಾಯಿತು ಎಂದು ಕಟ್ಟಿದವರಿಗೆ ಬರೆದು ತಿಳಿಸಿ. ಜೊತೆಗೆ ಕ್ಯಾಮೆರಾದಿಂದ ಇಳಿಸಿದ ಮೂಲ ಫೋಟೋವನ್ನೇ ಕಳಿಸಿ. ವಾಟ್ಸ್‌ಆ್ಯಪ್‌ನಲ್ಲಿ ಫೋಟೋವಾಗಿ ಹಾದುಬಂದ ಚಿತ್ರ ಕುಗ್ಗಿರುತ್ತದೆ, ಮಸೂರದ ವಿವರವನ್ನೂ ಕಳೆದುಕೊಂಡಿರುತ್ತದೆ; ಆ ವಿವರವಿಲ್ಲದಿದ್ದರೆ ಹ್ಯೂಜಿನ್‌ಗೆ ಅದನ್ನು ಕೈಯಿಂದಲೇ ತುಂಬಿಕೊಡಬೇಕಾಗುತ್ತದೆ.