ನಾಯಕಿಯಾಗಿ ಬಂದು ನಿರ್ಮಾಪಕಿಯಾದ ರಾಜಮ್ಮ

ಮಕ್ಕಳೇ, ‘ಸಂಪತ್ತಿಗೆ ಸವಾಲ್’ ಚಿತ್ರದಲ್ಲಿ ರಾಜ್‌ಕುಮಾರ್ ಎಮ್ಮೆಯ ಮೇಲೆ ಕೂತು ಹಾಡುವುದನ್ನು ನೋಡಿದ್ದೀರಲ್ಲವೇ? ಆ ಚಿತ್ರದಲ್ಲಿ ತಾಯಿಯಾಗಿ ನಟಿಸಿದವರು ಎಂ.ವಿ. ರಾಜಮ್ಮ. ನಾನೂ ಅವರನ್ನು ತಾಯಿಯ ಪಾತ್ರಗಳಲ್ಲೇ ಮೊದಲು ಕಂಡದ್ದು. ಅವರು ಒಂದು ಕಾಲದ ದೊಡ್ಡ ನಾಯಕಿ ಎಂದು ಹೇಳಿದವರು ನನ್ನ ಅಜ್ಜಿ.

ಅಜ್ಜಿಯ ಬಾಲ್ಯದಲ್ಲಿ ನಾಟಕಗಳಲ್ಲಿ ಗಂಡಸರೇ ಸೀರೆಯುಟ್ಟು ಸೀತೆ, ದ್ರೌಪದಿಯರಾಗುತ್ತಿದ್ದರು. ಬಣ್ಣ ಹಚ್ಚುವ ಹೆಣ್ಣನ್ನು ಜನ ಹಗುರವಾಗಿ ಕಾಣುತ್ತಿದ್ದರು. ದೂರದ ಜಪಾನಿನಲ್ಲೂ ಇದೇ ಕಥೆ. ಅಲ್ಲಿನ ಕಬುಕಿ ನಾಟಕಗಳಲ್ಲಿ, ಮೊದಮೊದಲ ಸಿನಿಮಾಗಳಲ್ಲಿ ಸ್ತ್ರೀಪಾತ್ರ ಗಂಡಸರದೇ.

ಅಂಥ ದಿನಗಳಲ್ಲಿ ರಾಜಮ್ಮ ರಂಗಕ್ಕೆ ಬಂದರು. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ ತೆರೆಕಂಡದ್ದು 1934ರಲ್ಲಿ. ಎರಡೇ ವರ್ಷಕ್ಕೆ, ಎಚ್.ಎಲ್.ಎನ್. ಸಿಂಹ ನಿರ್ದೇಶಿಸಿದ ‘ಸಂಸಾರ ನೌಕೆ’ಗೆ ರಾಜಮ್ಮ ನಾಯಕಿಯಾದರು. ಅದು ಪುರಾಣದ ಕಥೆಯಲ್ಲ, ನಮ್ಮ ನಿಮ್ಮಂಥ ಮನೆಯ ಕಥೆ. ಹಿನ್ನೆಲೆ ಗಾಯನವಿಲ್ಲದ ಕಾಲ, ನಟಿಸುವವರೇ ಹಾಡಬೇಕಿತ್ತು. ನಾಯಕ ಬಿ.ಆರ್. ಪಂತುಲು, ನಮ್ಮ ಕೋಲಾರ–ಕುಪ್ಪಂ ಗಡಿ ಸೀಮೆಯವರು, ಮೊದಲು ಶಾಲಾ ಮೇಷ್ಟ್ರಾಗಿದ್ದವರು.

ಮುಳಬಾಗಿಲು, ಶ್ರೀನಿವಾಸಪುರದ ಕಡೆ ನಮಗೆ ಮನೆಯಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ. ಚಿನ್ನದ ಗಣಿಗೆ ಹೋದರೆ ತಮಿಳು. ರಾಜಮ್ಮನವರೂ ಮೂರೂ ಭಾಷೆಗಳಲ್ಲಿ ನಟಿಸಿದರು. 1940ರ ತಮಿಳು ‘ಉತ್ತಮ ಪುತ್ತಿರನ್’ ಚಿತ್ರಕ್ಕೂ ಅವರೇ ನಾಯಕಿ.

ಅವರ ದೊಡ್ಡ ಹೆಜ್ಜೆ 1943ರದು. ಅದು ಮಹಾಯುದ್ಧದ ಕಾಲ. ಫಿಲ್ಮ್ ಸಿಗುವುದೇ ಕಷ್ಟ. ಆಗ ರಾಜಮ್ಮ ‘ರಾಧಾ ರಮಣ’ ಚಿತ್ರವನ್ನು ತಾವೇ ನಿರ್ಮಿಸಿ ಕನ್ನಡದ ಮೊದಲ ಮಹಿಳಾ ನಿರ್ಮಾಪಕಿಯಾದರು. ಮುಂದೆ ಹೆಸರಾದ ಬಾಲಕೃಷ್ಣ, ಜಿ.ವಿ. ಅಯ್ಯರ್ ಇಬ್ಬರೂ ತೆರೆಗೆ ಬಂದದ್ದು ಆ ಚಿತ್ರದಿಂದಲೇ. ಜಪಾನಿನ ಹೆಸರಾಂತ ನಟಿ ತನಕಾ ಕಿನುಯೊ ಕ್ಯಾಮೆರಾದ ಹಿಂದೆ ನಿಂತು ಮೊದಲ ಚಿತ್ರ ನಿರ್ದೇಶಿಸಿದ್ದು ಇದಾದ ಹತ್ತು ವರ್ಷಕ್ಕೆ, 1953ರಲ್ಲಿ.

‘ಸಂಸಾರ ನೌಕೆ’ಯ ಆ ಯುವಜೋಡಿ 1958ರಲ್ಲಿ ‘ಸ್ಕೂಲ್ ಮಾಸ್ಟರ್’ ಚಿತ್ರದಲ್ಲಿ ವೃದ್ಧ ದಂಪತಿಯಾಗಿ ಬಂತು. ನಿರ್ದೇಶನವೂ ಪಂತುಲು ಅವರದೇ. ಹೆತ್ತ ಮಕ್ಕಳು ತಂದೆಯನ್ನೊಂದು ಮನೆಗೆ, ತಾಯಿಯನ್ನೊಂದು ಮನೆಗೆ ಹಂಚಿಕೊಳ್ಳುತ್ತಾರೆ. ಕೊನೆಗೆ ಕೈಹಿಡಿಯುವವನು ಹಳೆಯ ಶಿಷ್ಯ. ಆ ಅಗಲಿಕೆಯಲ್ಲಿ ರಾಜಮ್ಮನವರ ಮುಖ ನೋಡಿ ನನಗೆ ಗಂಟಲು ಕಟ್ಟಿತ್ತು.

1999ರಲ್ಲಿ ರಾಜಮ್ಮ ತೀರಿಕೊಂಡರು. ಈ ಭಾನುವಾರ ಅಜ್ಜ ಅಜ್ಜಿಯನ್ನು ನಡುವೆ ಕೂರಿಸಿಕೊಂಡು ‘ಸ್ಕೂಲ್ ಮಾಸ್ಟರ್’ ನೋಡಿ. ಅವರು ಮೊದಲು ನೋಡಿದ ಸಿನಿಮಾ ಯಾವುದು, ಯಾವ ಊರಿನ ಟೆಂಟಿನಲ್ಲಿ ಎಂದು ಕೇಳಿ, ಬರೆದಿಡಿ.