ಕತ್ತರಿಯ ಕಣ್ಣು ತಪ್ಪಿಸಿದ ಕಥೆಗಾರ

ಒಂದು ಕೋಕಾ ಕೋಲಾ ಬಾಟಲಿ. ಅದರಿಂದ ಯಾರಿಗಾದ್ರೂ ಅಪಾಯ ಇದೆಯಾ? 1956ರಲ್ಲಿ ಅಮೆರಿಕದ ಒಂದು ಟಿವಿ ನಾಟಕದ ಸೆಟ್ಟಿನಿಂದ ಆ ಬಾಟಲಿಯನ್ನೂ ತೆಗೆಸಿಬಿಟ್ಟರು. ಕಾರಣ ಕೇಳಿದರೆ ಮೊದಲು ನಗು ಬರುತ್ತೆ, ಆಮೇಲೆ ಸಿಟ್ಟು ಬರುತ್ತೆ.

ನಾಟಕ ಬರೆದವರು ರಾಡ್ ಸರ್ಲಿಂಗ್. 1924ರಲ್ಲಿ ನ್ಯೂಯಾರ್ಕ್ ರಾಜ್ಯದಲ್ಲಿ ಹುಟ್ಟಿದವರು. ಎರಡನೇ ಮಹಾಯುದ್ಧದಲ್ಲಿ ಪ್ಯಾರಾಚೂಟ್ ಸೈನಿಕನಾಗಿ ಫಿಲಿಪೀನ್ಸ್‌ನಲ್ಲಿ ಹೋರಾಡಿ, ಗಾಯಗೊಂಡು ಬಂದು ಕಾಲೇಜು ಸೇರಿದರು. ಅಲ್ಲಿ ಹತ್ತಿದ್ದು ರೇಡಿಯೋ ಹುಚ್ಚು. ನಾಟಕ ಬರೆಯೋದೂ ಅವರೇ, ನಿರ್ದೇಶನವೂ ಅವರೇ, ಪಾತ್ರ ಮಾಡೋದೂ ಅವರೇ. ಆಮೇಲೆ ಸಿನ್ಸಿನಾಟಿಯ ರೇಡಿಯೋ ಕೇಂದ್ರದಲ್ಲಿ ಸಂಬಳದ ಬರವಣಿಗೆ. ಬಿಡುವಿನಲ್ಲಿ ಟಿವಿಗೆ ನಾಟಕ.

1955ರ ಜನವರಿಯಲ್ಲಿ ಅವರ 'ಪ್ಯಾಟರ್ನ್ಸ್' ನಾಟಕ ನೇರ ಪ್ರಸಾರವಾಯಿತು. ಜನ ಎಷ್ಟು ಮೆಚ್ಚಿದರು ಅಂದ್ರೆ, ಒಂದೇ ತಿಂಗಳಲ್ಲಿ ಅದನ್ನು ಮತ್ತೊಮ್ಮೆ ನೇರವಾಗಿ ಆಡಿ ತೋರಿಸಬೇಕಾಯಿತು. ಸರ್ಲಿಂಗ್ ಹೆಸರು ಮನೆಮಾತಾಯಿತು.

ಅದೇ ವರ್ಷ ಮಿಸಿಸಿಪಿಯಲ್ಲಿ ಎಮೆಟ್ ಟಿಲ್ ಎಂಬ 14 ವರ್ಷದ ಕಪ್ಪು ಹುಡುಗನನ್ನು ಕೊಂದರು. ಬಿಳಿಯರಷ್ಟೇ ಇದ್ದ ಜ್ಯೂರಿ ಆರೋಪಿಗಳನ್ನು ಬಿಟ್ಟುಬಿಟ್ಟಿತು. ಸರ್ಲಿಂಗ್ ಕುದಿದು ಹೋದರು. ಆ ಕಿಚ್ಚಿನಿಂದಲೇ ಒಂದು ನಾಟಕ ಬರೆದರು.

ಇಲ್ಲಿ ಒಂದು ವಿಷಯ ಗೊತ್ತಿರಲಿ. ಆಗಿನ ಅಮೆರಿಕನ್ ಟಿವಿಯಲ್ಲಿ ಒಂದು ಕಾರ್ಯಕ್ರಮ ಅಂದ್ರೆ ಸಾಮಾನ್ಯವಾಗಿ ಒಂದೋ ಎರಡೋ ಕಂಪನಿಯ ದುಡ್ಡು. ಕಾರ್ಯಕ್ರಮದ ಹೆಸರಿನಲ್ಲೇ ಕಂಪನಿಯ ಹೆಸರು ಇರುತ್ತಿತ್ತು. ದುಡ್ಡು ಕೊಟ್ಟವನ ಕೈಲೇ ಕತ್ತರಿ. ಬಿಳಿಯರ ಸಂಘಟನೆಗಳು ಬಹಿಷ್ಕಾರದ ಬೆದರಿಕೆ ಹಾಕಿದವು, ಕಂಪನಿ ಬೆದರಿತು. ದಕ್ಷಿಣದಲ್ಲಿ ನಡೆಯುವ ಕಥೆಯನ್ನು ಎತ್ತಿ ಉತ್ತರಕ್ಕೆ ಹಾಕಿದರು. ಸತ್ತವನು ಯಾವುದೋ ಪರದೇಶಿ ಆದ. ಕೋಕಾ ಕೋಲಾ ಕಂಡರೆ ದಕ್ಷಿಣದ ನೆನಪಾಗುತ್ತೆ ಅಂತ ಬಾಟಲಿಯೂ ಹೋಯ್ತು! ಉಳಿದದ್ದೇನು? ನಾಟಕದ ಹೆಣ.

ಇದು ಸರ್ಲಿಂಗ್ ಒಬ್ಬರ ಕಥೆಯಲ್ಲ. 1959ರಲ್ಲಿ ನಾಜಿಗಳ ವಿಚಾರಣೆ ಕುರಿತ ಬೇರೊಬ್ಬರ ನಾಟಕದಲ್ಲಿ 'ಗ್ಯಾಸ್' ಅನ್ನೋ ಮಾತು ಬಂದ ಕಡೆ ಧ್ವನಿಯನ್ನೇ ನಿಲ್ಲಿಸಿದರು. ಯಾಕೆ? ಪ್ರಾಯೋಜಕರು ಗ್ಯಾಸ್ ಮಾರುವವರ ಸಂಘ!

ಬೇರೆಯವರಾಗಿದ್ದರೆ ಕೈ ಚೆಲ್ಲುತ್ತಿದ್ದರೇನೋ. ಸರ್ಲಿಂಗ್ ದಾರಿ ಬದಲಿಸಿದರು. 1959ರ ಅಕ್ಟೋಬರ್ 2ರಂದು 'ದಿ ಟ್ವಿಲೈಟ್ ಝೋನ್' ಶುರುವಾಯಿತು. ಅನ್ಯಗ್ರಹದವರು, ಭೂತ, ರೋಬೋ. ನೋಡೋಕೆ ಮಕ್ಕಳ ಕಥೆ. ಒಂದು ಕಂತಿನಲ್ಲಿ ಒಂದು ಬೀದಿಯ ಕರೆಂಟ್ ಹೋಗುತ್ತೆ. ನಮ್ಮ ನಡುವೆ ಅನ್ಯಗ್ರಹದವನು ಇದ್ದಾನೆ ಅನ್ನೋ ಅನುಮಾನ ಹುಟ್ಟುತ್ತೆ. ಒಟ್ಟಿಗೆ ಬಾಳಿದ ನೆರೆಹೊರೆಯವರೇ ಒಬ್ಬರ ಮೇಲೊಬ್ಬರು ಬೀಳುತ್ತಾರೆ, ಕೊಲೆಯೂ ಆಗುತ್ತೆ. ದೂರದ ಗುಡ್ಡದ ಮೇಲೆ ಕೂತ ನಿಜವಾದ ಅನ್ಯಗ್ರಹದವರಿಗೆ ಕಷ್ಟವೇ ಇಲ್ಲ. ಲೈಟ್ ಆರಿಸಿದರೆ ಸಾಕು, ಉಳಿದದ್ದನ್ನು ಮನುಷ್ಯರೇ ಮಾಡಿಕೊಳ್ಳುತ್ತಾರೆ. ಕತ್ತರಿ ಹಿಡಿದವರಿಗೆ ಕಂಡದ್ದು ಅನ್ಯಗ್ರಹ ಮಾತ್ರ. ನೋಡುಗರಿಗೆ ತಮ್ಮದೇ ಬೀದಿ ಕಂಡಿತು.

156 ಕಂತುಗಳು. ಅದರಲ್ಲಿ 92 ಅವರೊಬ್ಬರೇ ಬರೆದದ್ದು. ಸಿಗರೇಟು ಕೈಯಿಂದ ಇಳಿಯಲಿಲ್ಲ. 1975ರಲ್ಲಿ, ಹೃದಯದ ಶಸ್ತ್ರಚಿಕಿತ್ಸೆಯ ಬಳಿಕ, 50ನೇ ವಯಸ್ಸಿಗೇ ಹೊರಟುಹೋದರು. ಜಾಹೀರಾತುದಾರರ ಜೊತೆ ಅಷ್ಟು ಗುದ್ದಾಡಿದ ಮನುಷ್ಯ ಕೊನೆಕೊನೆಗೆ ತಾವೇ ಜಾಹೀರಾತುಗಳಲ್ಲಿ ಕಾಣಿಸಿಕೊಂಡರು. ಅದನ್ನು ಮುಚ್ಚಿಡಬೇಕಿಲ್ಲ.

ನನ್ನ ಕಾರ್ಯಕ್ರಮದ ನಡುವೆಯೂ ಬ್ರೇಕ್ ಬರುತ್ತೆ. ನನಗೆ ಸಂಬಳ ಬರೋದೂ ಅಲ್ಲಿಂದಲೇ, ಹಾಗಾಗಿ ಬ್ರೇಕ್ ಬೇಡ ಅಂತ ದೊಡ್ಡ ಮಾತು ಆಡಲಾರೆ. ಆದರೆ ಟಿವಿ ಮುಂದೆ ಕೂತಾಗ ತೋರಿಸಿದ್ದನ್ನಷ್ಟೇ ನೋಡಬೇಡಿ. ಯಾವ ಬಾಟಲಿ ತೆಗೆದಿಟ್ಟಿದ್ದಾರೆ ಅಂತಾನೂ ಸ್ವಲ್ಪ ಹುಡುಕಿ. ನನ್ನ ಕಾರ್ಯಕ್ರಮ ನೋಡುವಾಗಲೂ ಅಷ್ಟೇ.