ಸಾಕ್ಷ್ಯಚಿತ್ರಕ್ಕೆ ಸಂಗೀತ ಕೊಡೋದು ಅಂದ್ರೆ

'ವೈಲ್ಡ್ ಕರ್ನಾಟಕ' 2020ರ ಜನವರಿಯಲ್ಲಿ ಥಿಯೇಟರುಗಳಿಗೆ ಬಂತು. ನೋಡಿದವರಿಗೆ ಕಾಡು ನೆನಪಿರುತ್ತೆ, ಡೇವಿಡ್ ಅಟೆನ್‌ಬರೋ ದನಿ ನೆನಪಿರುತ್ತೆ. ಸಂಗೀತ ಯಾರದು ಅಂದ್ರೆ ತಲೆ ಕೆರ್ಕೋತಾರೆ. ಅದು ಬೆಂಗಳೂರಿನ ರಿಕಿ ಕೇಜ್ ಅವರದು. ಓದಿದ್ದು ದಂತವೈದ್ಯಕೀಯ, ಅನ್ನ ಕೊಟ್ಟಿದ್ದು ಮೊದಲು ಜಾಹೀರಾತಿನ ಜಿಂಗಲ್‌ಗಳು. 2015ರಲ್ಲಿ ಗ್ರ್ಯಾಮಿಯೂ ಬಂತು. ಬ್ರಾಂಚ್ ಒಂದು, ಕೆಲಸ ಇನ್ನೊಂದು ಅನ್ನೋದು ನಮಗೇನೂ ಹೊಸದಲ್ಲ ಬಿಡಿ.

ಈ ಕೆಲಸ ನಡೆಯೋದು ಹೇಗೆ? ಕೊಳ್ಳೇಗಾಲ, ಹನೂರು, ಯಳಂದೂರು ಸೀಮೆಯ ಮೇಲೆ ಯಾರೋ ಒಂದು ಸಾಕ್ಷ್ಯಚಿತ್ರ ಮಾಡಿದ್ದಾರೆ ಅಂದುಕೊಳ್ಳಿ. ಸಂಕಲನ ಮುಗಿದ ಮೇಲೆ ನಿರ್ದೇಶಕರು, ಸಂಯೋಜಕರು ಒಟ್ಟಿಗೆ ಕೂತು ಚಿತ್ರ ನೋಡ್ತಾರೆ. ಮೊದಲು ತೀರ್ಮಾನ ಆಗೋದು ಎಲ್ಲಿ ಸಂಗೀತ ಬೇಡ ಅನ್ನೋದು. ಅರ್ಧ ಕೆಲಸ ಇದೇ ಅನ್ನಬಹುದು.

ಆಮೇಲೆ ಲೆಕ್ಕ. ಬಿಳಿಗಿರಿರಂಗನ ಬೆಟ್ಟದ ಮಂಜು ಸರಿದು, 36ನೇ ಸೆಕೆಂಡಿಗೆ ಆನೆ ಹಿಂಡು ಕಾಣಬೇಕು. ನಿಮಿಷಕ್ಕೆ 75 ಬೀಟ್ ಇಟ್ಟರೆ ಅಷ್ಟರಲ್ಲಿ 45 ಬೀಟ್ ಮುಗಿಯುತ್ತೆ. ನಾಲ್ಕರ ತಾಳದಲ್ಲಿ 11 ಆವರ್ತ, ಮೇಲೊಂದು ಬೀಟ್. ಆನೆ ಬರೋದು ತಪ್ಪು ಜಾಗಕ್ಕೆ. ವೇಗ 80 ಮಾಡಿ: 48 ಬೀಟ್, ಸರಿಯಾಗಿ 12 ಆವರ್ತ. ಆನೆಯ ಹೆಜ್ಜೆ ಸಮಕ್ಕೆ ಬೀಳುತ್ತೆ. ನೋಡುಗರಿಗೆ ಇದು ಗೊತ್ತೇ ಆಗಲ್ಲ, ಮೈ ಮಾತ್ರ ಜುಮ್ಮೆನ್ನುತ್ತೆ.

ಮುಂದೆ ಮಲೆ ಮಹದೇಶ್ವರ ಬೆಟ್ಟ. ಇಲ್ಲಿ ಕಂಸಾಳೆ ಬಿಟ್ಟು ಗಿಟಾರ್ ಹಾಕಿದರೆ ಹನೂರಿನವರು ಸುಮ್ಮನಿರ್ತಾರಾ? ಆದರೆ ಕಂಚಿನ ಆ ಝಣತ್ಕಾರ ನಿರೂಪಕರ ಮಾತಿನ 'ಸ', 'ಶ', 'ಚ'ಗಳನ್ನು ನುಂಗಿಹಾಕುತ್ತೆ. ಈಕ್ವಲೈಜರ್ ತಿರುಗಿಸಿ ಕಂಸಾಳೆಯನ್ನು ಮಂಕು ಮಾಡೋದು ಸುಲಭದ ದಾರಿ. ಅದಕ್ಕಿಂತ ನಿರೂಪಕರು ಬಾಯಿ ಮುಚ್ಚಿದಾಗ ಅದಕ್ಕೆ ಪೂರ್ತಿ ಜಾಗ ಕೊಡೋದು ಮೇಲು.

ಇನ್ನು ದುಡ್ಡು. ಸಾಕ್ಷ್ಯಚಿತ್ರದ ಬಜೆಟ್ ಸಾಮಾನ್ಯವಾಗಿ ಸಣ್ಣದು, ಸಂಗೀತಕ್ಕೆ ಉಳಿಯೋದು ಇನ್ನೂ ಕಡಿಮೆ. 2012ರ ಕೃತಿಸ್ವಾಮ್ಯ ತಿದ್ದುಪಡಿ ಬಂದ ಮೇಲೆ, ಚಿತ್ರಮಂದಿರದ ಆಚೆ ಟಿವಿಯಲ್ಲೋ ಆನ್‌ಲೈನಲ್ಲೋ ಸಂಗೀತ ಬಳಕೆಯಾದರೆ ಬರುವ ರಾಯಲ್ಟಿಯ ಪಾಲನ್ನು ಸಂಯೋಜಕರು ನಿರ್ಮಾಪಕರಿಗೆ ಬರೆದುಕೊಡೋ ಹಾಗಿಲ್ಲ. ಅದು ಕೈಗೆ ಬರಬೇಕಾದರೆ ಯಾವ ತುಣುಕು, ಎಷ್ಟು ಸೆಕೆಂಡು, ಯಾರದು ಅಂತ ಬರೆದ ಕ್ಯೂ ಶೀಟ್ ಬೇಕು. ಬೋರು ಹೊಡೆಸೋ ಕಾಗದ, ಆದರೂ ಇಟ್ಟುಕೊಂಡಿರಿ.

ಇಲ್ಲೇ ಒಂದು ಪೇಚು. ಮಹದೇಶ್ವರನ ಹಾಡಿಗಾಗಲಿ, ಸೋಲಿಗರ ಗೋರುಕನ ಹಾಡಿಗಾಗಲಿ ಒಬ್ಬ ಕರ್ತೃ ಇಲ್ಲ. ಹಾಗಂತ ಹಾಡಿದವರಿಗೆ ಹಕ್ಕಿಲ್ಲ ಅಂತಲ್ಲ. ಹಾಡಿದ್ದಕ್ಕೇ ಪ್ರದರ್ಶಕರ ಹಕ್ಕು ಅಂತ ಬೇರೆ ಇದೆ. ಆದರೆ ಸಿನಿಮಾದಲ್ಲಿ ಹೀಗೆ ಬಂದು ಹಾಗೆ ಹೋಗುವ, ರೂಢಿಯಂತೆ ಕ್ರೆಡಿಟ್‌ನಲ್ಲೂ ಹೆಸರು ಕಾಣದ ಕಲಾವಿದರನ್ನು ಅದೇ ಕಾಯ್ದೆ ಬಹುಮಟ್ಟಿಗೆ 'ಪ್ರದರ್ಶಕ' ಅಂತಲೇ ಎಣಿಸಲ್ಲ. ಅದಕ್ಕೇ ರೆಕಾರ್ಡರ್ ಆನ್ ಮಾಡೋಕೆ ಮುಂಚೆ ಅವರ ಹೆಸರು, ಊರು ಬರೆದುಕೊಂಡು, ಸಂಭಾವನೆ ಮಾತಾಡಿ, ಒಂದು ಹಾಳೆಗೆ ಸಹಿ ಆಗಬೇಕು. ಆ ಹಾಳೆ ಕನ್ನಡದಲ್ಲಿರಲಿ.